ಬೀದಿಮಾತಿಗೆ ರಾಗ ಕೊಟ್ಟ ಸ್ಯಾಮ್ ಹುಯಿ

ಕ್ಯಾಂಟನೀಸ್ ಪಾಪ್ ಸಂಗೀತಕ್ಕೆ ದಾರಿ ಹಾಕಿಕೊಟ್ಟ ಗಾಯಕ ಸ್ಯಾಮ್ ಹುಯಿ ಹುಟ್ಟಿದ್ದು 1948ರಲ್ಲಿ, ದಕ್ಷಿಣ ಚೀನಾದ ಗುವಾಂಗ್‌ಝೌ ನಗರದಲ್ಲಿ. ಅವರಿನ್ನೂ ಕೂಸಾಗಿದ್ದಾಗಲೇ ಕುಟುಂಬ ಬ್ರಿಟಿಷರ ಆಳ್ವಿಕೆಯಲ್ಲಿದ್ದ ಹಾಂಗ್‌ಕಾಂಗಿಗೆ ಬಂದಿತು. ವಲಸೆ ಬಂದವರು ಸಣ್ಣಪುಟ್ಟ ಮನೆ, ಗುಡಿಸಲುಗಳಲ್ಲಿ ನೆಲೆಸಿದ್ದ ಡೈಮಂಡ್ ಹಿಲ್ ಪ್ರದೇಶದಲ್ಲಿ ಅವರು ಅಣ್ಣಂದಿರ ಜೊತೆ ಬೆಳೆದರು. ಮುಂದೆ ಹಾಂಗ್‌ಕಾಂಗ್ ವಿಶ್ವವಿದ್ಯಾಲಯದಲ್ಲಿ ಪದವಿ ಪಡೆದರು.

1960ರ ದಶಕದ ಹಾಂಗ್‌ಕಾಂಗಿನಲ್ಲಿ ಬಹುಪಾಲು ಜನರ ಮನೆಮಾತು ಕ್ಯಾಂಟನೀಸ್. ಆದರೂ ಹೊಸ ಕಾಲದ ಹಾಡಿಗೆ ಆ ಭಾಷೆ ತಕ್ಕದ್ದಲ್ಲ ಎಂಬ ಭಾವನೆ ಗಟ್ಟಿಯಾಗಿತ್ತು. ಶಾಂಘೈನಿಂದ ಬಂದ ಗಾಯಕರೂ ಸಂಗೀತಗಾರರೂ ಮ್ಯಾಂಡರಿನ್ ಹಾಡುಗಳ ಪರಂಪರೆಯನ್ನು ಜೊತೆಗೇ ತಂದಿದ್ದರು. 1964ರಲ್ಲಿ ಬೀಟಲ್ಸ್ ತಂಡ ಅಲ್ಲಿಗೆ ಬಂದುಹೋದ ಮೇಲೆ ಯುವಕರಿಗೆ ಇಂಗ್ಲಿಷ್ ಹಾಡಿನ ಹುಚ್ಚು ಹಿಡಿಯಿತು. ಕ್ಯಾಂಟನೀಸ್ ಇದ್ದದ್ದು ಸಂಗೀತ ನಾಟಕಗಳಲ್ಲಿ ಮತ್ತು ಚೆಂಗ್ ಕ್ವಾನ್‌ಮಿನ್‌ರಂಥ ನಟರ ಹಾಸ್ಯಗೀತೆಗಳಲ್ಲಿ. ಆ ಹಾಸ್ಯಗೀತೆಗಳನ್ನು ವಿದ್ಯಾವಂತರು ಕೀಳಾಗಿ ಕಂಡದ್ದು ಅನ್ಯಾಯವೇ ಸರಿ. ಸ್ಯಾಮ್ ಹುಯಿ ಮುಂದೆ ಬೆಳೆಸಿದ ಚುರುಕುಮಾತಿನ ಬೇರು ಅಲ್ಲಿಯೇ ಇತ್ತು. ಅವರೂ ಮೊದಲು ‘ಲೋಟಸ್’ ಎಂಬ ಬ್ಯಾಂಡ್ ಕಟ್ಟಿಕೊಂಡು ಇಂಗ್ಲಿಷ್ ಹಾಡುಗಳನ್ನೇ ಹಾಡುತ್ತಿದ್ದರು.

ತಿರುವು ಬಂದದ್ದು ಟಿ.ವಿ.ಯಿಂದ. 1971ರಲ್ಲಿ ಸ್ಯಾಮ್ ಮತ್ತು ಅಣ್ಣ ಮೈಕೆಲ್ ಹುಯಿ ಇಬ್ಬರೂ ಟಿವಿಬಿ ವಾಹಿನಿಯಲ್ಲಿ ಹಾಸ್ಯ ಕಾರ್ಯಕ್ರಮವೊಂದನ್ನು ನಡೆಸತೊಡಗಿದರು. ಮರುವರ್ಷ ಅದೇ ಕಾರ್ಯಕ್ರಮದಲ್ಲಿ ಸ್ಯಾಮ್ ಒಂದು ಕ್ಯಾಂಟನೀಸ್ ಹಾಡು ಹಾಡಿದರು. ಸಾಹಿತ್ಯ ಅಣ್ಣನದು, ರಾಗ ತಮ್ಮನದು. ಐಫೆಲ್ ಗೋಪುರ, ಫುಜಿ ಪರ್ವತ ಎಲ್ಲವನ್ನೂ ನೋಡಿದವನಿಗೆ ಕೊನೆಗೆ ತನ್ನೂರಿನ ಮೀನುದೋಣಿಗಳ ದೀಪವೇ ಚೆಲುವಾಗಿ ಕಾಣುವುದು ಅದರ ವಸ್ತು. ಬೇರೆ ಕಡೆಯಿಂದ ಓಡಿಬಂದವರೇ ತುಂಬಿದ್ದ ಊರು, ಇದು ನಮ್ಮದು ಎಂದು ಹೇಳಿಕೊಳ್ಳಲು ಆಗಷ್ಟೇ ಕಲಿಯುತ್ತಿತ್ತು. ಆ ಹಾಡು ಜನರ ಮನಸ್ಸನ್ನು ಹಿಡಿದದ್ದು ಅದಕ್ಕಾಗಿಯೇ.

1974 ನಿರ್ಣಾಯಕ ವರ್ಷ. ಇಂಗ್ಲಿಷಿನ ಜೊತೆಗೆ ಚೀನೀ ಭಾಷೆಗೂ ಅಧಿಕೃತ ಸ್ಥಾನ ಕೊಡುವ ಕಾನೂನು ಹಾಂಗ್‌ಕಾಂಗಿನಲ್ಲಿ ಬಂದದ್ದು ಆ ವರ್ಷ. ಜೋಸೆಫ್ ಕೂ ರಾಗ ಹಾಕಿ ಸಾಂಡ್ರಾ ಲ್ಯಾಂಗ್ ಹಾಡಿದ ಟಿ.ವಿ. ಧಾರಾವಾಹಿಯೊಂದರ ಶೀರ್ಷಿಕೆ ಗೀತೆ ಮನೆಮಾತಾದದ್ದೂ ಆಗಲೇ. ಮೈಕೆಲ್ ನಿರ್ದೇಶಿಸಿದ ‘ಗೇಮ್ಸ್ ಗ್ಯಾಂಬ್ಲರ್ಸ್ ಪ್ಲೇ’ ಚಿತ್ರ ಗಳಿಕೆಯಲ್ಲಿ ದಾಖಲೆ ಮುರಿಯಿತು. ಅದರಲ್ಲಿ ನಟಿಸಿ ಹಾಡಿದ್ದ ಸ್ಯಾಮ್‌ರ ರೆಕಾರ್ಡೂ ಚಿತ್ರದಷ್ಟೇ ಹೆಸರು ಮಾಡಿತು. ಇಂಗ್ಲಿಷ್ ಹಾಡಿಗೆ ಮಾತ್ರ ಕಿವಿಗೊಡುತ್ತಿದ್ದ ಕಾಲೇಜು ಹುಡುಗರು ಈಗ ತಮ್ಮ ಮನೆಮಾತಿನಲ್ಲಿ ರಾಕ್ ಗಿಟಾರಿನ ಹಾಡು ಕೇಳತೊಡಗಿದರು.

ಕ್ಯಾಂಟನೀಸಿನಲ್ಲಿ ಹಾಡು ಬರೆಯುವುದು ಸುಲಭದ ಕೆಲಸವಲ್ಲ. ಅದರಲ್ಲಿ ಒಂದೇ ಉಚ್ಚಾರಕ್ಕೆ ದನಿಯ ಏರಿಳಿತದಿಂದ ಬೇರೆ ಬೇರೆ ಅರ್ಥ ಬರುತ್ತದೆ. ಅಂಥ ಆರು ದನಿಗಳಿವೆ ಎಂಬುದು ಇಂದಿನ ವಾಡಿಕೆಯ ಎಣಿಕೆ. ರಾಗ ಮೇಲೇರುವ ಕಡೆ ಕೆಳದನಿಯ ಪದ ಬಂದರೆ ಅರ್ಥವೇ ಕೆಡಬಹುದು. ಹೀಗಾಗಿ ಪ್ರತಿ ಅಕ್ಷರವನ್ನೂ ರಾಗಕ್ಕೆ ಹೊಂದಿಸಿ ನೋಡಬೇಕು. ಇದರ ಮೇಲೆ ಇನ್ನೊಂದು ತೊಡಕು: ಬರವಣಿಗೆಯ ಚೀನೀ ಬೇರೆ, ಮನೆಯಲ್ಲಿ ಆಡುವ ಕ್ಯಾಂಟನೀಸ್ ಬೇರೆ. ಸ್ಯಾಮ್ ಎರಡನ್ನೂ ಬಲ್ಲವರು. ಪ್ರೇಮ, ವಿಷಾದಗಳಿಗೆ ಗ್ರಂಥಸ್ಥ ಶೈಲಿಯನ್ನೂ, ಹಾಸ್ಯ, ಸಿಟ್ಟುಗಳಿಗೆ ಮಾರುಕಟ್ಟೆಯ ಮಾತನ್ನೂ ಬಳಸಿದರು. ಹಲವು ಹಾಡುಗಳನ್ನು ಗೀತರಚನೆಕಾರ ಪೀಟರ್ ಲೈ ಅವರ ಜೊತೆ ಕೂತು ಬರೆದರು.

ಸ್ಯಾಮ್‌ರ ನಿಜವಾದ ಹಿರಿಮೆ ಮಾರುಕಟ್ಟೆಯ ಮಾತಿನ ಹಾಡುಗಳಲ್ಲಿದೆ. 1976ರ ‘ದಿ ಪ್ರೈವೇಟ್ ಐಸ್’ ಚಿತ್ರದ ಶೀರ್ಷಿಕೆ ಗೀತೆ ಸಂಬಳಕ್ಕೆ ದುಡಿಯುವವನ ಗೋಳು: ಮೈಮುರಿಯುವ ಕೆಲಸ, ಕೈಬಿಚ್ಚದ ಮಾಲೀಕ, ಸಾಕಾಗದ ಕೂಲಿ. ನಲ್ಲಿ ನೀರಿಗೆ ಪಡಿತರ ಬಂದಾಗ ಅದೂ ಹಾಡಾಯಿತು. ಪರೀಕ್ಷೆಯ ಹೊತ್ತಿನ ವಿದ್ಯಾರ್ಥಿಗೆ ಬುದ್ಧಿ ಹೇಳುವ ಹಾಡೂ ಬಂತು. ಐಶ್ವರ್ಯದ ದೇವರನ್ನು ಬರಮಾಡಿಕೊಳ್ಳುವ ಅವರ ಗೀತೆ ಚೀನೀ ಹೊಸ ವರ್ಷದಲ್ಲಿ ಅಂಗಡಿ ಅಂಗಡಿಯಲ್ಲಿ ಈಗಲೂ ಕೇಳಿಸುತ್ತದೆ. ‘ಹಾಡಿನ ದೇವರು’ ಎಂಬ ಬಿರುದನ್ನು ಹಾಂಗ್‌ಕಾಂಗ್ ಮೊದಲು ಕೊಟ್ಟದ್ದು ಇವರಿಗೆ.

1982ರಲ್ಲಿ ಶುರುವಾದ ‘ಏಸಸ್ ಗೋ ಪ್ಲೇಸಸ್’ ಚಿತ್ರಮಾಲೆ ಅವರನ್ನು ದೊಡ್ಡ ಸಿನಿಮಾ ತಾರೆಯನ್ನಾಗಿಸಿತು. 1988ರಲ್ಲಿ ಗಾಯಕ ಲೆಸ್ಲಿ ಚೆಯುಂಗ್ ರಾಗ ಹಾಕಿದ ಹಾಡಿಗೆ ಸಾಹಿತ್ಯ ಬರೆದು ಅವರೊಂದಿಗೇ ಹಾಡಿದರು. 1997ರಲ್ಲಿ ಊರು ಚೀನಾಕ್ಕೆ ಮರಳುವುದು ನಿಶ್ಚಯವಾಗಿ, ಸಾವಿರಾರು ಕುಟುಂಬಗಳು ಕೆನಡಾ, ಆಸ್ಟ್ರೇಲಿಯಾಗಳಿಗೆ ಹೊರಟಿದ್ದ ದಿನಗಳವು. 1990ರಲ್ಲಿ ಸ್ಯಾಮ್, ನಾವೆಲ್ಲ ಒಂದೇ ದೋಣಿಯವರು, ಇಲ್ಲೇ ಉಳಿಯೋಣ ಎಂಬ ಭಾವದ ಹಾಡು ಕೊಟ್ಟರು. 1992ರಲ್ಲಿ ವಿದಾಯದ ಕಚೇರಿಗಳನ್ನು ನಡೆಸಿ ವೇದಿಕೆಯಿಂದ ದೂರ ಸರಿದರು. 2003ರಲ್ಲಿ ಸಾರ್ಸ್ ರೋಗ ಊರನ್ನು ನಡುಗಿಸಿತು. ಲೆಸ್ಲಿ ಚೆಯುಂಗ್ ಮತ್ತು ಗಾಯಕಿ ಅನಿತಾ ಮುಯ್ ಇಬ್ಬರೂ ಅದೇ ವರ್ಷ ತೀರಿಕೊಂಡರು. ಮರುವರ್ಷ ಸ್ಯಾಮ್ ಹಾಂಗ್‌ಕಾಂಗ್ ಕೊಲಿಸಿಯಂನಲ್ಲಿ ಮತ್ತೆ ಹಾಡಿದರು. 2020ರ ಏಪ್ರಿಲ್‌ನಲ್ಲಿ, ಕೊರೊನಾ ಕಾಲದಲ್ಲಿ, ಬಂದರಿನ ಪಕ್ಕದ ಕಟ್ಟಡದ ಮೇಲಿಂದ ಇಂಟರ್ನೆಟ್ಟಿನಲ್ಲಿ ಉಚಿತವಾಗಿ ಕಚೇರಿ ಕೊಟ್ಟರು. ಅದಕ್ಕೆ 1990ರ ಆ ಹಾಡಿನ ಹೆಸರನ್ನೇ ಇಟ್ಟಿದ್ದರು.

ಅವರು ತೆರೆದ ದಾರಿಯಲ್ಲಿ ಅಲನ್ ಟಾಮ್, ಲೆಸ್ಲಿ ಚೆಯುಂಗ್, ಅನಿತಾ ಮುಯ್ ನಡೆದರು. 1980ರ ದಶಕದಲ್ಲಿ ಕ್ಯಾಂಟನೀಸ್ ಪಾಪ್ ಏಷ್ಯಾದ ಅನೇಕ ಊರುಗಳಿಗೆ ಹಬ್ಬಿತು. ಆದರೆ ಪ್ರೇಮಗೀತೆಗಳ ಆ ಪ್ರವಾಹದಲ್ಲಿ ಆಡುಮಾತು ಹಿಂದೆ ಸರಿದು ಗ್ರಂಥಸ್ಥ ಶೈಲಿಯೇ ಮೇಲಾಯಿತು. ದುಡಿಯುವವರ ಸಂಕಟದ ಹಾಡು ಅಪರೂಪವಾಯಿತು. ಆಡುಮಾತಿನ ತುಂಟತನವನ್ನು ‘ಸಾಫ್ಟ್‌ಹಾರ್ಡ್’ ಜೋಡಿ ಮತ್ತೆ ತಂದಿತು. 1990ರ ದಶಕದ ಕೊನೆಗೆ ‘ಎಲ್‌ಎಂಎಫ್’ ತಂಡದವರು ಸರ್ಕಾರಿ ವಸತಿ ಕಟ್ಟಡಗಳ ಹುಡುಗರ ಬಿರುಸುಮಾತಿನಲ್ಲೇ ರ‍್ಯಾಪ್ ಮಾಡಿದರು.