ಕಾಲವನ್ನು ಆಳುವವರ ಸಭೆ

ಅದ್ಭುತ ಕಥೆಗಳಲ್ಲಿ ಕಾಲಮಾಂತ್ರಿಕರ ಸಭೆಯೊಂದು ಬರುವುದುಂಟು. ಜನವಸತಿಯಿಂದ ದೂರದ ಗಿರಿಶಿಖರದಲ್ಲಿ ಕುಳಿತ ಹಿರಿಯರು ಕಾಲಚಕ್ರವನ್ನು ಹಿಂದಕ್ಕೂ ಮುಂದಕ್ಕೂ ತಿರುಗಿಸುತ್ತಾರೆ. ಕೆಳಗಿನ ನಾಡು ಅರಿಯದೆಯೇ ಅವರಿಗೆ ತಲೆಬಾಗುತ್ತದೆ. ಇದು ಬರಿಯ ಕಲ್ಪನೆ, ನಿಜ. ಆದರೆ ಕಾಲಕ್ಕೆ ಅಪ್ಪಣೆ ಕೊಡಲು ಹೊರಟವರು ನಮ್ಮ ಚರಿತ್ರೆಯಲ್ಲಿಯೂ ಇದ್ದಾರೆ.

ಕಲ್ಯಾಣದ ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯನು 1076ರಲ್ಲಿ ಪಟ್ಟವೇರಿದಾಗ ಶಕವರ್ಷದ ಎಣಿಕೆಯನ್ನು ಬದಿಗಿರಿಸಿ ಚಾಲುಕ್ಯ ವಿಕ್ರಮ ವರ್ಷವನ್ನು ಆರಂಭಿಸಿದನು. ಗದಗು, ಲಕ್ಕುಂಡಿಗಳ ಶಿಲಾಶಾಸನಗಳಲ್ಲಿ ಆ ಎಣಿಕೆಯನ್ನು ಇಂದಿಗೂ ಕಾಣಬಹುದು. ವಂಶದ ಬಲ ಕುಂದಿತು. ಆ ವರ್ಷದ ಎಣಿಕೆಯೂ ನಿಂತಿತು. ಅವನು ಬದಿಗಿರಿಸಿದ ಶಕವರ್ಷವೇ ಉಳಿದುಕೊಂಡಿತು.

ಸ್ವತಂತ್ರ ಭಾರತವೂ ಇಂತಹದೊಂದು ಸಭೆಯನ್ನು ಕೂಡಿಸಿತು. 1952ರ ನವೆಂಬರಿನಲ್ಲಿ ಭೌತವಿಜ್ಞಾನಿ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ ಪಂಚಾಂಗ ಸುಧಾರಣಾ ಸಮಿತಿ ನೇಮಕವಾಯಿತು. ದೇಶದಲ್ಲಿ ಆಗ ಸುಮಾರು ಮೂವತ್ತು ಬಗೆಯ ಪಂಚಾಂಗಗಳು ಬಳಕೆಯಲ್ಲಿದ್ದವು. 1955ರಲ್ಲಿ ಸಮಿತಿಯ ವರದಿ ಹೊರಬಂದಿತು. ಮರುವರ್ಷ ಸಹಾ ತೀರಿಕೊಂಡರು. 1957ರ ಮಾರ್ಚ್ 22ರಂದು, ಶಕ 1879ರ ಚೈತ್ರ 1ರಂದು, ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂದಾಗ ಅದನ್ನು ನೋಡಲು ಅವರಿರಲಿಲ್ಲ.

ಸಮಿತಿಯ ವಾದ ಸರಳವಾದುದು. ನಕ್ಷತ್ರಗಳನ್ನು ನೆಚ್ಚಿದ ನಮ್ಮ ವರ್ಷವು ಋತುಗಳನ್ನು ನೆಚ್ಚಿದ ವರ್ಷಕ್ಕಿಂತ ಇಪ್ಪತ್ತು ನಿಮಿಷಗಳಿಗೂ ಮೀರಿ ದೀರ್ಘವಾದುದು. ಅಲ್ಪವೆನಿಸುವ ಈ ಅಂತರ ಸುಮಾರು ಎಪ್ಪತ್ತು ವರ್ಷಗಳಲ್ಲಿ ಒಂದು ದಿನವಾಗುತ್ತದೆ. ಸೂರ್ಯನು ಉತ್ತರಕ್ಕೆ ತಿರುಗುವುದು ಡಿಸೆಂಬರ್ 22ರ ಸುಮಾರಿಗೆ. ನಾವು ಎಳ್ಳುಬೆಲ್ಲ ಹಂಚುವುದು ಜನವರಿ 14ರ ಸುಮಾರಿಗೆ.

ಇದು ಪಂಡಿತರ ಜಗಳವಷ್ಟೇ ಎನ್ನುವವರು ರೋಣ ತಾಲ್ಲೂಕಿನ ಯಾವಗಲ್ಲಿನಂತಹ ಎರೆಭೂಮಿಯ ಊರನ್ನು ನೆನೆಯಬೇಕು. ಈ ಸೀಮೆಯ ಒಕ್ಕಲಿಗನಿಗೆ ಮಳೆಯ ಲೆಕ್ಕ ತಿಂಗಳುಗಳದಲ್ಲ, ನಕ್ಷತ್ರಗಳದು: ಉತ್ತರಿ, ಹಸ್ತ, ಚಿತ್ತಿ, ಸ್ವಾತಿ. ಒಂದೊಂದಕ್ಕೆ ಹದಿಮೂರು ಹದಿನಾಲ್ಕು ದಿನ. ಹಿಂಗಾರಿ ಜೋಳ, ಕಡಲೆ, ಕುಸುಬಿಗಳ ಬಿತ್ತನೆಯನ್ನು ಈ ಹೆಸರುಗಳಿಂದಲೇ ಗುರುತಿಸುತ್ತಾರೆ. ವಿಕ್ರಮಾದಿತ್ಯನ ಪಟ್ಟಾಭಿಷೇಕದಿಂದ ಇಲ್ಲಿಯವರೆಗೆ ಋತುವಿಗೂ ನಕ್ಷತ್ರಕ್ಕೂ ಬಿದ್ದ ಅಂತರವೆಷ್ಟು? ಸುಮಾರು ಎರಡು ವಾರ. ಎಂದರೆ ಒಂದು ಇಡೀ ಮಳೆ! ಅಂದು ಹಸ್ತವೆನಿಸುತ್ತಿದ್ದ ಋತುಭಾಗವನ್ನು ಇಂದು ನಾವು ಉತ್ತರಿ ಎನ್ನುತ್ತಿದ್ದೇವೆ. ಗಾದೆ ಹಳೆಯದಾದಷ್ಟೂ ಅದರ ಗುರಿ ತಪ್ಪುವ ಸಂಭವ ಹೆಚ್ಚು.

ಹೀಗಿದ್ದೂ ಸಮಿತಿಯ ಪಂಚಾಂಗ ರಾಜ್ಯಪತ್ರ, ಸರಕಾರಿ ಕಾಗದಪತ್ರ, ಆಕಾಶವಾಣಿಗಳಾಚೆ ಮನೆಯೊಳಗೆ ಬರಲಿಲ್ಲ. 2023ರಲ್ಲಿ ಸರಕಾರದ ಚೈತ್ರ 1 ಮತ್ತು ನಮ್ಮ ಯುಗಾದಿ ಒಂದೇ ದಿನ, ಮಾರ್ಚ್ 22ರಂದು, ಕೂಡಿಬಂದವು. ಮರುವರ್ಷವೇ ಅವುಗಳ ನಡುವೆ ಹತ್ತೊಂಬತ್ತು ದಿನಗಳ ಅಂತರ. ಬೇವುಬೆಲ್ಲ ಹೊರಟಿದ್ದು ಯುಗಾದಿಯ ಹಿಂದೆ. ಗಣಿತ ಸಮಿತಿಯ ಕಡೆಗಿತ್ತು. ಮನೆ, ಗುಡಿ, ಚಾವಡಿಗಳು ಪಂಚಾಂಗಶ್ರವಣದ ಕಡೆಗಿದ್ದವು. ಜನರ ನೆನಪಿನೊಡನೆ ಮಾತನಾಡದ ಸುಧಾರಣೆ, ಎಷ್ಟೇ ಸತ್ಯವಾಗಿದ್ದರೂ, ಹೊಸ್ತಿಲಾಚೆಯೇ ನಿಲ್ಲುತ್ತದೆ. ಹಾಗೆಂದು ನೆನಪೇ ಸತ್ಯವಾಗಲಾರದು. ತಪ್ಪಿದ ಲೆಕ್ಕವನ್ನು ಭಕ್ತಿ ತಿದ್ದಲಾರದು.

ಒಕ್ಕಲಿಗನು ಈ ಎರಡರ ನಡುವೆ ತನ್ನದೇ ದಾರಿ ಕಂಡುಕೊಂಡಿದ್ದಾನೆ. ನಕ್ಷತ್ರದ ಹೆಸರು ಕೇಳುತ್ತಾನೆ, ಆದರೆ ಕೂರಿಗೆ ಹೂಡುವ ಮುನ್ನ ಒಂದು ಹಿಡಿ ಮಣ್ಣನ್ನು ಅಂಗೈಯಲ್ಲಿ ಹಿಸುಕಿ ನೋಡುತ್ತಾನೆ. ಅದಕ್ಕೆ ಅವನಿಟ್ಟ ಹೆಸರು ಹದ. ದೊರೆಯ ಶಾಸನ, ಪಂಡಿತರ ಗಣಿತ, ಪೂರ್ವಿಕರ ಗಾದೆ, ಮೂರೂ ಆ ಅಂಗೈಯ ಪರೀಕ್ಷೆಗೆ ಒಳಗಾಗಬೇಕು. ಕಾಲವನ್ನು ಆಳಬಲ್ಲ ಸಭೆ ಯಾವುದೂ ಇಲ್ಲ. ಅದರ ಹದವನ್ನರಿತು ಬಿತ್ತುವುದಷ್ಟೇ ಮನುಷ್ಯನಿಗೆ ಸಾಧ್ಯ.