ಮದುವೆಗೆ ಮುಂಚಿನ ಡೈರಿ



ಮದುವೆಗೆ ಮುಂಚಿನ ಪ್ರೀತಿಯನ್ನು ಗಂಡನಿಗೋ ಹೆಂಡತಿಗೋ ಹೇಳಿಬಿಟ್ಟರೆ ಮನಸ್ಸು ಹಗುರಾಗುತ್ತದೆ ಎನ್ನುತ್ತೇವೆ. ಯಾರ ಮನಸ್ಸು? ಈ ಪ್ರಶ್ನೆ ಇಟ್ಟುಕೊಂಡೇ ಇವತ್ತು ರಷ್ಯನ್ ಕಾದಂಬರಿಕಾರ ಟಾಲ್‌ಸ್ಟಾಯ್ ಮತ್ತು ಸೋಫಿಯಾ ಅವರ ದಾಂಪತ್ಯದ ಬಗ್ಗೆ ಮಾತಾಡುತ್ತೇನೆ.

1862ರ ಸೆಪ್ಟೆಂಬರ್. ಟಾಲ್‌ಸ್ಟಾಯ್ ಅವರಿಗೆ 34 ವರ್ಷ, ಸೋಫಿಯಾಗೆ 18. ಮಾತುಕತೆಯಾದ ಒಂದು ವಾರಕ್ಕೇ ಮದುವೆ. ಆ ವಾರದೊಳಗೆ ಟಾಲ್‌ಸ್ಟಾಯ್ ತಮ್ಮ ಹಳೆಯ ಡೈರಿಗಳನ್ನು ಹುಡುಗಿಯ ಕೈಗಿಟ್ಟರು. ಜೂಜು, ವೇಶ್ಯೆಯರ ಸಹವಾಸ, ಜೊತೆಗೆ ತಮ್ಮ ಜಮೀನಿನ ರೈತ ಹೆಣ್ಣು ಅಕ್ಸಿನ್ಯಾಳ ಮೇಲಿದ್ದ ಮೋಹ, ಎಲ್ಲವೂ ಅದರಲ್ಲಿತ್ತು. ಅಕ್ಸಿನ್ಯಾ ಮದುವೆಯಾದವಳು. ಟಾಲ್‌ಸ್ಟಾಯ್ ಅವರಿಂದ ಅವಳಿಗೊಬ್ಬ ಮಗನೂ ಇದ್ದ. ಸೋಫಿಯಾ ಓದಿ ಅತ್ತರು, ಕ್ಷಮಿಸಿದರು, ಮದುವೆಯಾದರು.

ಬಾಳಲು ಹೋದದ್ದು ಗಂಡನ ಜಮೀನಿದ್ದ ಯಾಸ್ನಾಯಾ ಪೊಲ್ಯಾನಾಕ್ಕೆ. ಅಕ್ಸಿನ್ಯಾ ಇದ್ದದ್ದೂ ಅಲ್ಲೇ. ಆ ಮನೆಯ ನೆಲ ತೊಳೆಯಲೂ ಬಂದಿದ್ದಳು.

ಗೊತ್ತಿಲ್ಲದಿದ್ದಾಗ ಮಾತ್ರ ಸಂಶಯ ಹುಟ್ಟುತ್ತದೆ ಎಂದು ನಂಬಿದವರು ಮುಂದಿನದನ್ನು ಗಮನಿಸಬೇಕು. ಈ ಹೆಣ್ಣಿಗೆ ಗೊತ್ತಿಲ್ಲದ್ದು ಏನೂ ಉಳಿದಿರಲಿಲ್ಲ. ಗಂಡ ಇನ್ನೊಬ್ಬಳನ್ನು ಎಷ್ಟು ಹಂಬಲಿಸಿದ್ದ ಎಂಬುದು ಅವನ ಕೈಬರಹದಲ್ಲೇ ಕಣ್ಣೆದುರಿಗಿತ್ತು. ಅದನ್ನು ಸೋಫಿಯಾ ಮತ್ತೆ ಮತ್ತೆ ತೆರೆದು ಓದಿದರು. ಅದೇ ಡಿಸೆಂಬರಿನಲ್ಲಿ, ಈ ಅಸೂಯೆಯಲ್ಲಿ ಒಂದು ದಿನ ಪ್ರಾಣ ಕಳೆದುಕೊಂಡೇನು ಎಂಬ ಭಯವನ್ನು ತಮ್ಮ ಡೈರಿಯಲ್ಲಿ ಬರೆದುಕೊಂಡರು. ಜನವರಿಯಲ್ಲಿ ಬಿದ್ದ ಕನಸಿನಲ್ಲಿ ಅಕ್ಸಿನ್ಯಾಳ ಮಗುವನ್ನು ತಾವೇ ಸೀಳಿ ಹಾಕಿದ್ದರು. ಆಗ ಅವರು ಸ್ವತಃ ಬಸುರಿ.

ಟಾಲ್‌ಸ್ಟಾಯ್ ಮುಚ್ಚಿಡಬೇಕಿತ್ತು ಎಂದು ನಾನು ಹೇಳುತ್ತಿಲ್ಲ. ಸುಳ್ಳಿನ ಮೇಲೆ ಸಂಸಾರ ಕಟ್ಟಲಾಗದು. ಆದರೆ ಡೈರಿ ಕೊಟ್ಟಲ್ಲಿಗೆ ತಮ್ಮ ಪಾಲಿನ ಕೆಲಸ ಮುಗಿಯಿತೆಂದು ಅವರು ಭಾವಿಸಿದಂತಿದೆ. ಕೇಳಿಸಿಕೊಂಡವಳು ಅದೇ ಪ್ರಶ್ನೆಯನ್ನು ಹತ್ತನೇ ಸಲ ಕೇಳಿದಾಗಲೂ ಪಕ್ಕದಲ್ಲಿ ಕೂತು ಉತ್ತರಿಸಬೇಕಾದ ಕೆಲಸ ಆಮೇಲೆ ಶುರುವಾಗುತ್ತದೆ. ಅವರದೇ ಕಾದಂಬರಿ ‘ಅನ್ನಾ ಕರೆನಿನಾ’ದಲ್ಲಿ ಲೆವಿನ್ ಕೂಡ ತಾನು ಮದುವೆಯಾಗಲಿರುವ ಕಿಟಿಗೆ ತನ್ನ ಡೈರಿ ಕೊಡುತ್ತಾನೆ. ಅವಳು ಅತ್ತು ಕ್ಷಮಿಸುತ್ತಾಳೆ, ಕಾದಂಬರಿ ಮುಂದೆ ಸಾಗುತ್ತದೆ. ಕಾದಂಬರಿಗೆ ಅಷ್ಟು ಸಾಕು.

1889ರಲ್ಲಿ ಟಾಲ್‌ಸ್ಟಾಯ್ ಅದೇ ಹಳೆಯ ಮೋಹದಿಂದ ‘ಸೈತಾನ’ ಎಂಬ ನೀಳ್ಗತೆ ಬರೆದರು. ಮದುವೆಗೆ ಮುಂಚೆ ಎಲ್ಲವನ್ನೂ ಬಿಚ್ಚಿಟ್ಟ ಮನುಷ್ಯ ಈ ಹಸ್ತಪ್ರತಿಯನ್ನು ಮಾತ್ರ ಹೆಂಡತಿಯ ಕಣ್ಣಿಗೆ ಬೀಳದಂತೆ ಕುರ್ಚಿಯ ಮೆತ್ತೆಯೊಳಗೆ ಬಚ್ಚಿಟ್ಟರು. 1909ರಲ್ಲಿ ಅದು ಸೋಫಿಯಾಗೆ ಸಿಕ್ಕಿತು. ಮತ್ತೆ ಜಗಳ, ಮತ್ತೆ ಕಣ್ಣೀರು. ಅಷ್ಟರಲ್ಲಿ 13 ಮಕ್ಕಳನ್ನು ಹೆತ್ತಿದ್ದರು, ಗಂಡನ ಹಸ್ತಪ್ರತಿಗಳನ್ನು ವರ್ಷಗಟ್ಟಲೆ ನಕಲು ಮಾಡಿದ್ದರು. ಅವರನ್ನು ಹುಚ್ಚು ಸಂಶಯದ ಹೆಂಗಸು ಎಂದವರು ಬಹಳ ಮಂದಿ. ಆ ಮಾತನ್ನು ನಾನು ಒಪ್ಪುವುದಿಲ್ಲ.