ಕಾಯಕದ ಹಕ್ಕೂ ಸರಕಾರದ ದಂಡನೆಯೂ
(ಸಂತೆಕಲ್ಲೂರಿನಲ್ಲಿ ಮಹೋತ್ಸವದ ಅಂಗವಾಗಿ ಜರುಗಿದ ಧರ್ಮಸಭೆಯಲ್ಲಿ ಮಾಡಿದ ಉಪನ್ಯಾಸ)



ಅಂಗಡಿಕಾರನ ಪರವಾನಗಿಯನ್ನು ಸರಕಾರವು ರದ್ದುಪಡಿಸುವಾಗ ಅನುಸರಿಸತಕ್ಕ ನ್ಯಾಯವು ಧರ್ಮಸಭೆಗೆ ಹೊರಗಿನ ವಿಷಯವೆಂದು ಕೆಲವರಿಗೆ ತೋರಬಹುದು. ಆದರೆ ಈ ಊರಿನ ಘನಮಠದ ಶಿವಯೋಗಿಗಳು ಬೇಸಾಯಗಾರರ ಹಿತಕ್ಕಾಗಿ ‘ಕೃಷಿಜ್ಞಾನಪ್ರದೀಪಿಕೆ’ಯನ್ನು ರಚಿಸಿದವರು. ಅನ್ನದ ವಿಚಾರವು ಇಲ್ಲಿ ಎಂದೂ ಹೊರಗಿನದಾಗಿಲ್ಲ.

ಲಿಂಗಸುಗೂರು ಸೀಮೆಯ ಅಮರೇಶ್ವರವು ಆಯ್ದಕ್ಕಿ ಮಾರಯ್ಯ, ಲಕ್ಕಮ್ಮನವರ ಊರೆಂಬುದನ್ನು ತಾವೆಲ್ಲರೂ ಬಲ್ಲಿರಿ. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನಾಯ್ದು ದಾಸೋಹ ನಡೆಯಿಸುತ್ತಿದ್ದ ಮಾರಯ್ಯನವರು ಒಂದು ದಿನ ಎಂದಿಗಿಂತ ಹೆಚ್ಚು ತಂದರು. ಅದು ಗಂಡನ ಆಸೆಯಿಂದ ಬಂದುದೋ, ಮತ್ತೊಬ್ಬರ ಎಣಿಕೆಯಿಂದ ಬಂದುದೋ ಎಂದು ಲಕ್ಕಮ್ಮನವರು ಮೊದಲು ಕೇಳಿದರು. ತರುವಾಯ ಹೆಚ್ಚಾದುದನ್ನು ಅಲ್ಲಿಯೇ ಸುರಿದು ಬರಹೇಳಿದರು. ತಪ್ಪನ್ನು ಮುಚ್ಚಲಿಲ್ಲ, ಕಾಯಕವನ್ನೂ ಬಿಡಿಸಲಿಲ್ಲ. ಕೇಳಿ ನಿರ್ಣಯಿಸುವುದು, ತಪ್ಪಿಗೆ ತಕ್ಕಷ್ಟೇ ದಂಡಿಸುವುದು, ಈ ಎರಡೂ ಅಲ್ಲಿದ್ದವು.

ಇಂದು ಬಡವರ ಅಕ್ಕಿಯನ್ನು ನ್ಯಾಯಬೆಲೆ ಅಂಗಡಿಯ ತಕ್ಕಡಿಯು ಅಳೆಯುತ್ತದೆ. 2013ರ ರಾಷ್ಟ್ರೀಯ ಆಹಾರ ಭದ್ರತಾ ಕಾಯಿದೆಯಂತೆ ಆದ್ಯತಾ ಕುಟುಂಬದ ಪ್ರತಿಯೊಬ್ಬರಿಗೂ ತಿಂಗಳಿಗೆ 5 ಕಿಲೋ ಧಾನ್ಯವು ಸಲ್ಲತಕ್ಕದ್ದು. ಅದರಲ್ಲಿ ಒಂದು ಹಿಡಿ ಕಡಿಮೆಯಾದರೂ ಕೂಲಿಯವಳ ಮಗುವಿನ ತುತ್ತು ಕಡಿಮೆಯಾಯಿತು. ಕಳ್ಳತೂಕದವನಿಗೆ ದಂಡನೆಯು ಆಗಲೇಬೇಕು. ಆದರೆ ದೂರು ಬಂದ ಮಾತ್ರದಿಂದ ದೋಷವು ಸಿದ್ಧವಾಗದು. ದೂರುಗಳಲ್ಲಿ ನಿಜವೂ ಉಂಟು, ಊರ ಕಕ್ಷಿಗಳ ದ್ವೇಷವೂ ಉಂಟು. ಯಾವ ದಿನ, ಯಾರಿಗೆ, ಎಷ್ಟು ಕಡಿಮೆಯಾಯಿತೆಂದು ನೋಟೀಸಿನಲ್ಲಿ ತಿಳಿಸಿ, ಉತ್ತರಕ್ಕೆ ಅವಧಿಯಿತ್ತು, ಅಹವಾಲನ್ನು ಕೇಳಿ, ಕಾರಣಗಳನ್ನು ಬರೆದು ಆಜ್ಞೆ ಮಾಡತಕ್ಕದ್ದು. ಪೂರ್ವಪಕ್ಷವನ್ನು ಮಂಡಿಸದೆ ಸಿದ್ಧಾಂತವನ್ನು ಹೇಳುವುದು ಶಾಸ್ತ್ರಕ್ರಮವಲ್ಲವೆಂದು ಪಾಠಶಾಲೆಯ ಬಾಲಕನೂ ಬಲ್ಲನು.

ನ್ಯಾಯಾಲಯಗಳು ಈ ನಿಲುವಿಗೆ ಒಮ್ಮೆಲೇ ಬಂದುವಲ್ಲ. ಸಿಂಹಳದ ಬಟ್ಟೆ ವ್ಯಾಪಾರಿಯೊಬ್ಬನ ಪರವಾನಗಿ ರದ್ದಾದಾಗ, ಅದು ಸರಕಾರವು ಕೊಟ್ಟ ಸೌಲಭ್ಯ ಮಾತ್ರ, ಹಿಂದೆಗೆಯುವವನು ನ್ಯಾಯಾಧೀಶನಂತೆ ವಿಚಾರಿಸಬೇಕಾಗಿಲ್ಲ ಎಂದು 1950ರಲ್ಲಿ ಪ್ರಿವಿ ಕೌನ್ಸಿಲು ಹೇಳಿತು. ಈ ಅಭಿಪ್ರಾಯವು ಬಹುಕಾಲ ನಿಲ್ಲಲಿಲ್ಲ. ಉತ್ತರ ಪ್ರದೇಶದ ಸಕ್ಕರೆ ಮತ್ತು ಧಾನ್ಯ ವ್ಯಾಪಾರಿಗಳ ಪರವಾನಗಿಯು ರದ್ದಾಗಿ, ಅವರ ಅಪೀಲನ್ನು ಕಾರಣ ಹೇಳದೆ ತಳ್ಳಿಹಾಕಿದಾಗ, 1970ರಲ್ಲಿ ನಮ್ಮ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. 1976ರಲ್ಲಿ ಇಂಗ್ಲೆಂಡಿನ ಬಾರ್ನ್ಸ್‌ಲಿ ಎಂಬ ಊರಿನ ಸಂತೆಯ ವ್ಯಾಪಾರಿಯ ಮೊಕದ್ದಮೆಯೂ ಸ್ಮರಣೀಯವಾದುದು. ಶೌಚಗೃಹವು ಮುಚ್ಚಿದ್ದರಿಂದ ಆತನು ಓಣಿಯಲ್ಲಿ ದೇಹಬಾಧೆ ತೀರಿಸಿಕೊಂಡನು. ಆಕ್ಷೇಪಿಸಿದವರೊಡನೆ ಬಿರುನುಡಿಯೂ ಆಯಿತು. ಅಷ್ಟಕ್ಕೆ ಸಂತೆಯ ಪರವಾನಗಿಯೇ ಹೋಯಿತು. ಆಪಾದಿಸಿದ ಸಂತೆಯ ಅಧಿಕಾರಿಯು ಸಮಿತಿಯವರು ಆಲೋಚಿಸುವಾಗಲೂ ಅವರೊಡನೆ ಕುಳಿತಿದ್ದನು. ದೂರಿದವನೇ ನಿರ್ಣಯದಲ್ಲಿ ಕೂಡಿದ್ದುದೂ ತಪ್ಪು, ದಂಡವು ಮಿತಿಮೀರಿದುದೂ ತಪ್ಪು ಎಂದು ನ್ಯಾಯಾಲಯವು ಆ ಆಜ್ಞೆಯನ್ನು ತೆಗೆದುಹಾಕಿತು.

ನಮ್ಮ ಜಿಲ್ಲೆಯವರಿಗೆ ಹಾಯಿಕೋರ್ಟಿನ ಪೀಠವು 2008ರಿಂದ ಕಲಬುರಗಿಯಲ್ಲಿಯೇ ಇದೆ; ಸಂವಿಧಾನದ 226ನೆಯ ಅನುಚ್ಛೇದದಂತೆ ಅಲ್ಲಿ ಮೊರೆಯಿಡಬಹುದು. ಆದರೆ ಅಷ್ಟು ದೂರ ಹೋಗುವಷ್ಟರಲ್ಲಿ ಸಣ್ಣ ಅಂಗಡಿಕಾರನ ಒಲೆ ಆರಿರುತ್ತದೆ. ಆದುದರಿಂದ ನ್ಯಾಯವು ಮೊದಲನೆಯ ಮೇಜಿನಲ್ಲಿಯೇ ದೊರೆಯಬೇಕು. ವಿಚಾರಣೆ ಮುಗಿಯುವವರೆಗೆ ಕಾರ್ಡುದಾರರ ಅಕ್ಕಿಯೂ ತಪ್ಪಬಾರದು. ನೆರೆಯ ಅಂಗಡಿಯಿಂದಾದರೂ ಒದಗಿಸತಕ್ಕದ್ದು.

ಭಕ್ತಮಹಾಶಯರೇ, ತಮ್ಮಲ್ಲಿ ಅಂಗಡಿಕಾರರುಂಟು, ಅಧಿಕಾರಿಗಳುಂಟು, ಜಾಗೃತಿ ಸಮಿತಿಯ ಸದಸ್ಯರುಂಟು. ಅಂಗಡಿಕಾರರು ತಕ್ಕಡಿಯನ್ನು ಲಿಂಗಸಾಕ್ಷಿಯಾಗಿ ಹಿಡಿಯಲಿ. ಸದಸ್ಯರು ಕಂಡುದನ್ನು ಮಾತ್ರ ಬರೆಯಲಿ. ಅಧಿಕಾರಿಗಳು ಸಹಿ ಹಾಕುವ ಮುನ್ನ ಲಕ್ಕಮ್ಮನವರಂತೆ ಒಂದು ಮಾತು ಕೇಳಲಿ. ಗುರುಕೃಪೆಯಿಂದ ಸರ್ವರಿಗೂ ಸನ್ಮಂಗಳವಾಗಲಿ. ಶರಣು ಶರಣಾರ್ಥಿ.